ರಾಜಿಯಾದರು, ಮನೆಗೂ ಬಂದರು, ಡಿಕ್ರಿಗೇನು ಮಾಡುವುದು?

ರಾಷ್ಟ್ರೀಯ ಲೋಕ ಅದಾಲತ್ ನಡೆದ ಮರುದಿನ ಪತ್ರಿಕೆಯ ಜಿಲ್ಲಾ ಪುಟದಲ್ಲಿ ಒಂದು ಚಿತ್ರವನ್ನು ನೀವು ನೋಡಿಯೇ ಇರುತ್ತೀರಿ. ವಿಚ್ಛೇದನ ಕೇಳಿಕೊಂಡು ಬಂದಿದ್ದ ಗಂಡ-ಹೆಂಡತಿ ನ್ಯಾಯಾಧೀಶರ ಎದುರು ಹಾರ ಬದಲಾಯಿಸಿಕೊಳ್ಳುತ್ತಾರೆ, ಯಾರೋ ಸಿಹಿ ಹಂಚುತ್ತಾರೆ, ಎರಡೂ ಕಡೆಯ ವಕೀಲರು ಹಿಂದೆ ನಿಂತಿರುತ್ತಾರೆ. ದಾವಣಗೆರೆ, ಹರಿಹರದ ಓದುಗರಿಗೂ ಇದು ಹೊಸ ದೃಶ್ಯವಲ್ಲ. ಆದರೆ ಆ ಚಿತ್ರ ನೋಡಿ ಸುಮ್ಮನೆ ಪುಟ ತಿರುಗಿಸಲಾಗದ ಕೆಲವರಿರುತ್ತಾರೆ. ಅವರಿಗೆ ಡಿಕ್ರಿ ಆಗಿ ವರ್ಷವೋ ಎರಡು ವರ್ಷವೋ ಕಳೆದಿದೆ. ಈಗ ಮನಸ್ಸು ತಿಳಿಯಾಗಿದೆ, ಮಕ್ಕಳ ನೆಪದಲ್ಲಿ ಮಾತು ಶುರುವಾಗಿದೆ, ಹಿರಿಯರೂ ಹೂಂ ಎಂದಿದ್ದಾರೆ. ಅವರ ಪ್ರಶ್ನೆ ಒಂದೇ: ‘ನಮ್ಮ ಡೈವೋರ್ಸ್ ಕ್ಯಾನ್ಸಲ್ ಮಾಡಿಸಬಹುದಾ?’

ಚಿತ್ರದಲ್ಲಿರುವವರಿಗೂ ಇವರಿಗೂ ಇರುವ ಅಂತರ ದೊಡ್ಡದು. ಅವರ ಪ್ರಕರಣ ಇನ್ನೂ ನಡೆಯುತ್ತಿತ್ತು, ಮದುವೆ ಕಾನೂನಿನ ಕಣ್ಣಲ್ಲಿ ಜೀವಂತವಾಗಿತ್ತು. ಇವರ ಮದುವೆ ಮುಗಿದಿದೆ. ಹಾಗೆಂದು ದಾರಿಯೇ ಇಲ್ಲವೆಂದಲ್ಲ. ಪ್ರಕರಣ ಯಾವ ಹಂತದಲ್ಲಿದೆ, ಡಿಕ್ರಿ ಯಾವ ಬಗೆಯದು ಎಂಬುದರ ಮೇಲೆ ಉತ್ತರ ಬದಲಾಗುತ್ತದೆ. ಹೆಚ್ಚಿನವರಿಗೆ ಕೊನೆಯಲ್ಲಿ ಸಿಗುವ ಉತ್ತರ ಅವರು ನಿರೀಕ್ಷಿಸಿರದಷ್ಟು ಸರಳ: ರದ್ದು ಮಾಡಿಸಲು ಅಲೆಯಬೇಡಿ, ಮತ್ತೆ ಮದುವೆಯಾಗಿ.

ಮೊದಲು, ಡಿಕ್ರಿಗೆ ಮುಂಚಿನ ಮಾತು. 1955ರ ಹಿಂದೂ ವಿವಾಹ ಕಾಯ್ದೆಯ 23ನೇ ಕಲಂ ನ್ಯಾಯಾಲಯಕ್ಕೆ ಒಂದು ಕರ್ತವ್ಯ ಹೊರಿಸಿದೆ. ತೀರ್ಪು ಕೊಡುವ ಮೊದಲು ಗಂಡ-ಹೆಂಡತಿಯನ್ನು ಒಂದು ಮಾಡಲು ಸಾಧ್ಯವಿದ್ದಷ್ಟು ಪ್ರಯತ್ನ ಮಾಡಲೇಬೇಕು. ಮತಾಂತರ, ವಾಸಿಯಾಗದ ಮನೋರೋಗದಂಥ ಕೆಲವು ಕಾರಣಗಳಿಗೆ ಮಾತ್ರ ವಿನಾಯಿತಿ. 1984ರ ಕೌಟುಂಬಿಕ ನ್ಯಾಯಾಲಯಗಳ ಕಾಯ್ದೆಯ 9ನೇ ಕಲಂ ಕೂಡ ಇದನ್ನೇ ಹೇಳುತ್ತದೆ. ಹೀಗಾಗಿಯೇ ಕೌಟುಂಬಿಕ ನ್ಯಾಯಾಲಯಕ್ಕೆ ಹೋದವರನ್ನು ವಾದ ಶುರುವಾಗುವ ಮುಂಚೆ ಮಧ್ಯಸ್ಥಿಕೆಗೋ ಆಪ್ತ ಸಮಾಲೋಚನೆಗೋ ಕಳಿಸುತ್ತಾರೆ.

ಈ 23ನೇ ಕಲಮಿನಲ್ಲಿ ನಮ್ಮ ಭಾಗದವರಿಗೆ ಆಸಕ್ತಿ ಹುಟ್ಟಿಸುವ ಇನ್ನೊಂದು ಮಾತಿದೆ. ದಂಪತಿ ಒಪ್ಪಿದರೆ ನ್ಯಾಯಾಲಯವು 15 ದಿನ ಮೀರದಂತೆ ವಿಚಾರಣೆ ಮುಂದೂಡಿ, ಅವರೇ ಹೆಸರಿಸಿದ ವ್ಯಕ್ತಿಯ ಬಳಿಗೆ ರಾಜಿಗಾಗಿ ಕಳಿಸಬಹುದು. ಆ ವ್ಯಕ್ತಿ ನಡೆದದ್ದನ್ನು ನ್ಯಾಯಾಲಯಕ್ಕೆ ವರದಿ ಮಾಡಬೇಕು. ದಾವಣಗೆರೆ ಸೀಮೆಯಲ್ಲಿ ಮಠದ ಕಟ್ಟೆ ಹತ್ತದ ಸಂಸಾರದ ಜಗಳ ಕಡಿಮೆ. ಪಕ್ಕದ ಚಿತ್ರದುರ್ಗ ಜಿಲ್ಲೆಯ ಸಿರಿಗೆರೆಯಲ್ಲಿ ತರಳಬಾಳು ಬೃಹನ್ಮಠದ ಸದ್ಧರ್ಮ ನ್ಯಾಯಪೀಠ ಸೋಮವಾರಗಳಂದು ಕೂರುತ್ತದೆ. ಹೊಲದ ಬದುವಿನ ತಕರಾರಿನಿಂದ ಹಿಡಿದು ಗಂಡ-ಹೆಂಡಿರ ವಿರಸದವರೆಗೆ ಎಲ್ಲವೂ ಅಲ್ಲಿಗೆ ಬರುತ್ತವೆ. 2024ರ ಸೆಪ್ಟೆಂಬರ್‌ನಲ್ಲಿ ಧಾರವಾಡದ ಹೈಕೋರ್ಟ್ ಪೀಠದಲ್ಲಿ ನ್ಯಾಯಮೂರ್ತಿ ಕೃಷ್ಣ ಎಸ್. ದೀಕ್ಷಿತ್ ಅವರು, ಬೇರೆಯಾಗಲು ಹೊರಟ ದಂಪತಿಗೆ ಕೊಪ್ಪಳದ ಗವಿಮಠದ ಸ್ವಾಮೀಜಿಯನ್ನು ಕಂಡುಬರುವಂತೆ ಸಲಹೆ ಕೊಟ್ಟದ್ದು ಸುದ್ದಿಯಾಗಿತ್ತು. ಕೆಲವರಿಗೆ ಅದು ವಿಚಿತ್ರವಾಗಿ ಕಂಡಿರಬಹುದು. ಕಾಯ್ದೆಯ ಪುಟದಲ್ಲಿ ಅಂಥದ್ದಕ್ಕೆ ಜಾಗ ಮೊದಲಿನಿಂದಲೂ ಇದೆ. ಆದರೆ ಒಂದು ಎಚ್ಚರ: ಮಠದಲ್ಲಿ, ಪಂಚಾಯಿತಿಯಲ್ಲಿ ಆದ ರಾಜಿ ನ್ಯಾಯಾಲಯದ ಕಡತ ಸೇರುವವರೆಗೆ ಪ್ರಕರಣ ತಾನಾಗಿ ನಿಲ್ಲುವುದಿಲ್ಲ. ರಾಜಿಯಾಯಿತೆಂದು ಹಾಜರಾಗುವುದನ್ನು ಬಿಟ್ಟವರ ಮೇಲೆ ಏಕಪಕ್ಷೀಯ ಡಿಕ್ರಿ ಬೀಳಬಹುದು.

ಪರಸ್ಪರ ಸಮ್ಮತಿಯ ಅರ್ಜಿಯಲ್ಲಿ ಹಿಂದಕ್ಕೆ ಬರುವುದು ಎಲ್ಲಕ್ಕಿಂತ ಸುಲಭ. ಹಿಂದೂ ವಿವಾಹ ಕಾಯ್ದೆಗೆ 1976ರಲ್ಲಿ ಸೇರಿದ 13ಬಿ ಕಲಮಿನ ಪ್ರಕಾರ ಅರ್ಜಿ ಹಾಕಿದ ಆರು ತಿಂಗಳ ನಂತರ, ಹದಿನೆಂಟು ತಿಂಗಳೊಳಗೆ ಇಬ್ಬರೂ ಮತ್ತೆ ಬಂದು ‘ನಮಗೆ ಈಗಲೂ ವಿಚ್ಛೇದನ ಬೇಕು’ ಎನ್ನಬೇಕು. ಆರು ತಿಂಗಳ ಈ ಕಾಯುವಿಕೆಯನ್ನು ತಕ್ಕ ಪ್ರಕರಣದಲ್ಲಿ ಮನ್ನಿಸಬಹುದೆಂದು ಸುಪ್ರೀಂ ಕೋರ್ಟ್ 2017ರಲ್ಲಿ ಅಮರ್‌ದೀಪ್ ಸಿಂಗ್ ಪ್ರಕರಣದಲ್ಲಿ ಹೇಳಿದೆ. ಆದರೆ ಆ ಅವಧಿ ಇಟ್ಟಿರುವುದೇ ಮನಸ್ಸು ಬದಲಾಗಲು ಎಡೆ ಇರಲಿ ಎಂದು. ಡಿಕ್ರಿಯ ಕ್ಷಣದವರೆಗೂ ಇಬ್ಬರ ಸಮ್ಮತಿ ಉಳಿದಿರಬೇಕು, ಒಬ್ಬರೇ ಹಿಂದೆ ಸರಿದರೂ ಡಿಕ್ರಿ ಕೊಡುವಂತಿಲ್ಲ ಎಂದು 1991ರ ಸುರೇಷ್ಟಾ ದೇವಿ ಪ್ರಕರಣದಲ್ಲೇ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ಒಂದು ಮೆಮೊ ಸಾಕು.

ಹಿಂಸೆ, ತೊರೆದುಹೋಗುವಿಕೆಯಂಥ ಕಾರಣ ಹೇಳಿ ಹಾಕಿದ ಅರ್ಜಿಯನ್ನು ಹಿಂಪಡೆಯುವಾಗ ಹೆಣ್ಣುಮಕ್ಕಳಿಗೆ ಒಂದು ಅಂಜಿಕೆ ಇರುತ್ತದೆ. ‘ಕೇಸು ವಾಪಸ್ ತಗೊಂಡ ಮೇಲೆ ಮತ್ತೆ ಅದೇ ಶುರುವಾದರೆ? ಹಳೆಯದನ್ನೆಲ್ಲ ಕ್ಷಮಿಸಿದಂತಾಯಿತಲ್ಲ?’ ಇದಕ್ಕೆ ಸುಪ್ರೀಂ ಕೋರ್ಟಿನ 1975ರ ದಾಸ್ತಾನೆ ಪ್ರಕರಣದಲ್ಲಿ ಉತ್ತರವಿದೆ. ದಾಂಪತ್ಯದಲ್ಲಿ ಕ್ಷಮೆ ಷರತ್ತಿನದು. ಕ್ಷಮಿಸಲ್ಪಟ್ಟವರು ಮತ್ತೆ ತಪ್ಪಿ ನಡೆದರೆ ಹಳೆಯ ಹಿಂಸೆಯೂ ಮತ್ತೆ ಜೀವ ಪಡೆಯುತ್ತದೆ. ಅದನ್ನೂ ಸೇರಿಸಿ ಹೊಸ ಅರ್ಜಿ ಹಾಕಬಹುದು.

ಇನ್ನು ಡಿಕ್ರಿ ಆಗಿಹೋದವರ ಮಾತು. ಮೊದಲು ನಿಮ್ಮ ಕೈಯಲ್ಲಿರುವ ಕಾಗದ ಯಾವುದೆಂದು ನೋಡಿಕೊಳ್ಳಿ.

ಅದು ಬರೀ ಬಾಂಡ್ ಪೇಪರ್ ಆಗಿದ್ದರೆ? ಹಿರಿಯರ ಎದುರು ಛಾಪಾ ಕಾಗದದ ಮೇಲೆ ‘ಇಂದಿನಿಂದ ನಮಗೂ ಇವರಿಗೂ ಸಂಬಂಧವಿಲ್ಲ’ ಎಂದು ಬರೆಸಿ, ನೋಟರಿ ಸೀಲು ಹಾಕಿಸಿ ಬೇರೆಯಾದವರು ನಮ್ಮ ಹಳ್ಳಿಗಳಲ್ಲಿ ಇನ್ನೂ ಇದ್ದಾರೆ. ಸಮುದಾಯದಲ್ಲಿ ವಿಚ್ಛೇದನದ ಪದ್ಧತಿ ಹಿಂದಿನಿಂದ ನಡೆದುಬಂದಿದೆ ಎಂದು ಸಾಬೀತು ಮಾಡಿದರೆ ಮಾತ್ರ ಹಿಂದೂ ವಿವಾಹ ಕಾಯ್ದೆಯ 29ನೇ ಕಲಂ ಅದನ್ನು ಮಾನ್ಯ ಮಾಡುತ್ತದೆ. ಇಲ್ಲವಾದರೆ ಆ ಕಾಗದಕ್ಕೆ ಬೆಲೆಯಿಲ್ಲ, ಮದುವೆ ಮುರಿದೇ ಇಲ್ಲ. ಇಂಥವರು ಏನನ್ನೂ ರದ್ದು ಮಾಡಿಸಬೇಕಿಲ್ಲ.

ಅದು ನ್ಯಾಯಿಕ ಪ್ರತ್ಯೇಕತೆಯ ಡಿಕ್ರಿ ಆಗಿದ್ದರೆ ಮದುವೆ ಉಳಿದಿದೆ, ಒಟ್ಟಿಗೆ ಬಾಳುವ ಹೊಣೆಯಷ್ಟೇ ನಿಂತಿದೆ. ಇದನ್ನು ರದ್ದು ಮಾಡುವ ಅಧಿಕಾರ 10ನೇ ಕಲಮಿನಲ್ಲೇ ಬರೆದಿದೆ. ಇಬ್ಬರಲ್ಲಿ ಒಬ್ಬರು ಅರ್ಜಿ ಕೊಟ್ಟರೂ, ಅದರಲ್ಲಿ ಹೇಳಿದ್ದು ನಿಜವೆಂದು ಮನವರಿಕೆಯಾಗಿ ಹಾಗೆ ಮಾಡುವುದು ನ್ಯಾಯವೆನಿಸಿದರೆ ನ್ಯಾಯಾಲಯ ಡಿಕ್ರಿಯನ್ನು ತೆಗೆದುಹಾಕುತ್ತದೆ. ವಿಚ್ಛೇದನದ ಡಿಕ್ರಿಗೆ ಇಂಥ ಮಾತು ಆ ಕಾಯ್ದೆಯಲ್ಲಿ ಎಲ್ಲೂ ಇಲ್ಲ. ತೊಡಕಿನ ಬೇರು ಇಲ್ಲಿದೆ.

ಏಕಪಕ್ಷೀಯ ಡಿಕ್ರಿ ಆಗಿದ್ದರೆ ಬಾಗಿಲು ಸ್ವಲ್ಪ ತೆರೆದಿದೆ. ನೋಟಿಸ್ ಹಳೆಯ ವಿಳಾಸಕ್ಕೆ ಹೋಗಿ ವಾಪಸಾಗಿ, ಕೊನೆಗೆ ಪತ್ರಿಕಾ ಪ್ರಕಟಣೆಯಲ್ಲಿ ಮುಗಿದ ಪ್ರಕರಣಗಳಿರುತ್ತವೆ. ತವರಿನಲ್ಲಿದ್ದ ಹೆಂಡತಿಗೆ ಡಿಕ್ರಿಯಾದದ್ದೇ ಆಮೇಲೆ ತಿಳಿಯುತ್ತದೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೇ ಆದೇಶದ 13ನೇ ನಿಯಮದಡಿ, ಡಿಕ್ರಿಯಾದ 30 ದಿನದೊಳಗೆ, ಸಮನ್ಸ್ ಸರಿಯಾಗಿ ಜಾರಿಯಾಗಿರದಿದ್ದರೆ ವಿಷಯ ಗೊತ್ತಾದ 30 ದಿನದೊಳಗೆ, ಅದೇ ನ್ಯಾಯಾಲಯದಲ್ಲಿ ಡಿಕ್ರಿ ತೆಗೆದುಹಾಕಲು ಕೇಳಬಹುದು. ತಡವಾಗಿದ್ದರೆ ತಕ್ಕ ಕಾರಣ ತೋರಿಸಿ ಮನ್ನಿಸಲು ಕೇಳಬೇಕು. ಎದುರಿನವರು ತಕರಾರು ತೆಗೆಯದಿದ್ದರೆ ಕೆಲಸ ಹಗುರ.

ಎರಡೂ ಕಡೆ ವಾದ ಮಾಡಿ ಬಂದ ಡಿಕ್ರಿಗೆ ಇರುವುದು ಮೇಲ್ಮನವಿಯ ದಾರಿ. ಕೌಟುಂಬಿಕ ನ್ಯಾಯಾಲಯಗಳ ಕಾಯ್ದೆ ಇದಕ್ಕೆ 30 ದಿನ ಎನ್ನುತ್ತದೆ. ಹಿಂದೂ ವಿವಾಹ ಕಾಯ್ದೆಯ 28ನೇ ಕಲಂ, 2003ರ ತಿದ್ದುಪಡಿಯ ನಂತರ, 90 ದಿನ ಎನ್ನುತ್ತದೆ. ಹೆಚ್ಚಿನ ಅವಧಿಯನ್ನು ನಂಬಿ ಕೂರದೆ ಕಡಿಮೆ ಅವಧಿಯಲ್ಲೇ ಹೋಗುವುದು ಜಾಣತನ. ಹೈಕೋರ್ಟಿನಲ್ಲಿ ಮೇಲ್ಮನವಿ ಇರುವಾಗ ಇಬ್ಬರೂ ಒಂದಾದರೆ, ಜಂಟಿ ಮೆಮೊ ಹಾಕಿ ಕೆಳಗಿನ ಡಿಕ್ರಿಯನ್ನು ರದ್ದುಪಡಿಸಿ ಮೂಲ ಅರ್ಜಿಯನ್ನೇ ಮುಗಿಸಿಬಿಡಲು ಕೋರಬಹುದು. ನಿಜವಾದ ಅರ್ಥದಲ್ಲಿ ‘ಡೈವೋರ್ಸ್ ಕ್ಯಾನ್ಸಲ್’ ಆಗುವುದು ಹೆಚ್ಚಾಗಿ ಇಲ್ಲೇ. ಡಿಕ್ರಿ ರದ್ದಾದರೆ ಮದುವೆ ನಡುವೆ ಒಂದು ದಿನವೂ ಕಡಿಯದೆ ಮುಂದುವರಿದಂತೆ.

ಇಲ್ಲಿ ಊರಿನ ಭೂಗೋಳವೂ ಬರುತ್ತದೆ. ಹರಿಹರದ ಸೇತುವೆ ದಾಟಿದರೆ ಕುಮಾರಪಟ್ಟಣಂ, ಅದು ರಾಣೆಬೆನ್ನೂರು ತಾಲ್ಲೂಕು, ಹಾವೇರಿ ಜಿಲ್ಲೆ. ತುಂಗಭದ್ರೆಯ ಆ ದಡದ ಮೇಲ್ಮನವಿಗಳು ಧಾರವಾಡ ಪೀಠಕ್ಕೆ, ಈ ದಡದವು ಬೆಂಗಳೂರಿನ ಪ್ರಧಾನ ಪೀಠಕ್ಕೆ. ಧಾರವಾಡವೇ ಹತ್ತಿರವಾದರೂ ದಾವಣಗೆರೆ ಜಿಲ್ಲೆಯವರು ಬೆಂಗಳೂರಿಗೇ ಹೋಗಬೇಕು. ನದಿಯ ಆಚೀಚೆ ಕೊಟ್ಟು-ತಂದ ಸಂಬಂಧಗಳು ಎಷ್ಟೋ ಇವೆ. ಮದುವೆ ನಡೆದ ಊರು, ಕೊನೆಗೆ ಒಟ್ಟಿಗಿದ್ದ ಊರು, ಎದುರಿನವರು ಇರುವ ಊರು, ಹೆಂಡತಿಯೇ ಅರ್ಜಿದಾರಳಾಗಿದ್ದರೆ ಅವಳು ಇರುವ ಊರು, ಇವುಗಳಲ್ಲಿ ಯಾವುದನ್ನು ಹಿಡಿದು ಮೊದಲ ಅರ್ಜಿ ಬಿದ್ದಿತ್ತೋ ಅದರ ಮೇಲೆ ಮುಂದಿನ ಓಡಾಟವೂ ನಿರ್ಧಾರವಾಗಿರುತ್ತದೆ.

ಉಳಿದದ್ದು ಪರಸ್ಪರ ಸಮ್ಮತಿಯ ಡಿಕ್ರಿ. ಸಾಮಾನ್ಯವಾಗಿ ಜಗಳ ಕಡಿಮೆ ಮಾಡಿಕೊಂಡು ಬೇರೆಯಾದವರು ಇವರೇ, ಮತ್ತೆ ಒಂದಾಗುವ ಮನಸ್ಸು ಬರುವ ಸಂಭವವೂ ಇವರಿಗೇ ಹೆಚ್ಚು. ಆದರೆ ಹಿಂದಕ್ಕೆ ಹೋಗುವ ದಾರಿ ಅತಿ ಇಕ್ಕಟ್ಟಾಗಿರುವುದೂ ಇವರಿಗೇ. ಕೌಟುಂಬಿಕ ನ್ಯಾಯಾಲಯ ಇಬ್ಬರ ಸಮ್ಮತಿಯಿಂದ ಕೊಟ್ಟ ಡಿಕ್ರಿಯ ಮೇಲೆ ಮೇಲ್ಮನವಿಯಿಲ್ಲ ಎಂದು ಕೌಟುಂಬಿಕ ನ್ಯಾಯಾಲಯಗಳ ಕಾಯ್ದೆಯ 19ನೇ ಕಲಂ ಖಚಿತವಾಗಿ ಹೇಳಿದೆ. ಮೋಸದಿಂದ, ಬಲವಂತದಿಂದ ಸಹಿ ಹಾಕಿಸಿಕೊಂಡಿದ್ದರೆ ಅದೇ ನ್ಯಾಯಾಲಯದ ಮುಂದೆ ಡಿಕ್ರಿ ಹಿಂಪಡೆಯಲು ಕೇಳಬಹುದು. ‘ಆಗ ಬೇಡವಾಗಿತ್ತು, ಈಗ ಬೇಕಾಗಿದೆ’ ಎಂಬುದು ಮೋಸವೂ ಅಲ್ಲ, ತಪ್ಪು ತಿಳಿವಳಿಕೆಯೂ ಅಲ್ಲ. ನ್ಯಾಯಾಲಯದ ಅಂತರ್ಗತ ಅಧಿಕಾರ ಬಳಸಿ ಸಿವಿಲ್ ಪ್ರಕ್ರಿಯಾ ಸಂಹಿತೆಯ 151ನೇ ಕಲಮಿನಡಿ ಜಂಟಿ ಅರ್ಜಿ ಹಾಕಿ ನೋಡೋಣ ಎನ್ನುವ ವಕೀಲರಿದ್ದಾರೆ. ಆದರೆ ಅದು ಕೇಳಿದ್ದಕ್ಕೆ ಸಿಗುವ ಹಕ್ಕಲ್ಲ. ಇಂಥ ದಂಪತಿಯೊಂದು ಕದ ತಟ್ಟಿದಾಗ ಪಂಜಾಬ್ ಮತ್ತು ಹರಿಯಾಣ ಹೈಕೋರ್ಟ್ ಡಿಕ್ರಿ ರದ್ದು ಮಾಡಲು ಒಪ್ಪದೆ, ಬೇಕಿದ್ದರೆ ಮತ್ತೆ ಮದುವೆಯಾಗಲು ಕಾನೂನಿನ ಅಡ್ಡಿಯಿಲ್ಲವೆಂದು ಹಿಂದೂ ವಿವಾಹ ಕಾಯ್ದೆಯ 15ನೇ ಕಲಮನ್ನು ತೋರಿಸಿತ್ತು.

ಇಬ್ಬರೂ ಒಪ್ಪಿರುವಾಗ ನ್ಯಾಯಾಲಯಕ್ಕೇಕೆ ಇಷ್ಟು ಬಿಗುಮಾನ ಎಂದು ಕೇಳಬಹುದು. ವಿಚ್ಛೇದನದ ಡಿಕ್ರಿ ಇಬ್ಬರ ನಡುವಿನ ಸಾಲದ ಚೀಟಿಯಲ್ಲ, ಹರಿದು ಹಾಕಿದರೆ ಮುಗಿಯಲು. ಒಬ್ಬ ವ್ಯಕ್ತಿ ವಿವಾಹಿತನೋ ಅಲ್ಲವೋ ಎಂಬುದನ್ನು ಅದು ಇಡೀ ಲೋಕಕ್ಕೆ ಸಾರುತ್ತದೆ. ಅದನ್ನು ನಂಬಿ ಬ್ಯಾಂಕು ಸಾಲ ಕೊಟ್ಟಿರುತ್ತದೆ, ಅಣ್ಣತಮ್ಮಂದಿರು ಪಾಲು ಮಾಡಿಕೊಂಡಿರುತ್ತಾರೆ, ಇಬ್ಬರಲ್ಲಿ ಒಬ್ಬರು ಬೇರೆ ಮದುವೆಯನ್ನೂ ಆಗಿರಬಹುದು. ಹಿಂದಿನ ದಿನಾಂಕಕ್ಕೆ ಹೋಗಿ ಮದುವೆಯನ್ನು ಎಬ್ಬಿಸಿ ನಿಲ್ಲಿಸಿದರೆ ಇವೆಲ್ಲ ಅಲುಗಾಡುತ್ತವೆ. ಇಂಗ್ಲೆಂಡಿನಲ್ಲಿ ಒಂದು ವಕೀಲರ ಸಂಸ್ಥೆಯ ಸಿಬ್ಬಂದಿ ಆನ್‌ಲೈನ್ ಕಡತದಲ್ಲಿ ತಪ್ಪಿ ಬೇರೊಂದು ದಂಪತಿಯ ಹೆಸರು ಆಯ್ದು ಅಂತಿಮ ಆದೇಶ ಕೋರಿಬಿಟ್ಟರು. 21 ನಿಮಿಷದಲ್ಲಿ ಆದೇಶವೂ ಬಂತು. ಕಣ್ತಪ್ಪಿನಿಂದ ಆದದ್ದೆಂದು ಬೇಡಿಕೊಂಡರೂ 2024ರಲ್ಲಿ ಅಲ್ಲಿನ ಕೌಟುಂಬಿಕ ವಿಭಾಗದ ಅಧ್ಯಕ್ಷ ನ್ಯಾಯಾಧೀಶ ಸರ್ ಆಂಡ್ರ್ಯೂ ಮ್ಯಾಕ್‌ಫಾರ್ಲೇನ್ ಅದನ್ನು ರದ್ದು ಮಾಡಲಿಲ್ಲ. ಅಂತಿಮ ಎಂದರೆ ಅಂತಿಮವೇ ಆಗಿರಬೇಕೆಂಬುದು ಅವರ ನಿಲುವು.

ಡಿಕ್ರಿಯನ್ನೇ ರದ್ದು ಮಾಡು ಎಂದು ಸ್ಪಷ್ಟವಾಗಿ ಹೇಳುವ ಕಾಯ್ದೆಯೊಂದು ನಮ್ಮಲ್ಲಿ ಇಲ್ಲದಿಲ್ಲ: 1939ರ ಮುಸ್ಲಿಂ ವಿವಾಹಗಳ ವಿಸರ್ಜನಾ ಕಾಯ್ದೆ. ನಾಲ್ಕು ವರ್ಷದಿಂದ ಗಂಡನ ಸುಳಿವಿಲ್ಲವೆಂದು ಹೆಂಡತಿ ಪಡೆದ ಡಿಕ್ರಿ ಆರು ತಿಂಗಳವರೆಗೆ ಜಾರಿಗೆ ಬರುವುದಿಲ್ಲ. ಅಷ್ಟರಲ್ಲಿ ಅವನು ಬಂದು ಸಂಸಾರದ ಹೊಣೆ ಹೊರಲು ಸಿದ್ಧನೆಂದು ನ್ಯಾಯಾಲಯಕ್ಕೆ ಮನವರಿಕೆ ಮಾಡಿಕೊಟ್ಟರೆ ಡಿಕ್ರಿಯನ್ನು ತೆಗೆದುಹಾಕಲೇಬೇಕು. ಉಳಿದಂತೆ, ಒಂದು ಸಲ ತಲಾಖ್ ಹೇಳಿ ಇದ್ದತ್ ಎಂಬ ಕಾಯುವ ಅವಧಿ ಮುಗಿಯದಿದ್ದರೆ ಗಂಡ ಹಿಂಪಡೆಯಬಹುದು. ಮುಗಿದಿದ್ದರೆ ಹೊಸ ನಿಕಾಹ್ ಬೇಕು. ಒಂದೇ ಉಸಿರಿನ ಮೂರು ತಲಾಖ್ ಅನ್ನು 2017ರಲ್ಲಿ ಸುಪ್ರೀಂ ಕೋರ್ಟ್ ತಳ್ಳಿಹಾಕಿದೆ, 2019ರ ಕಾಯ್ದೆ ಅದನ್ನು ಅಪರಾಧವೆಂದಿದೆ. ಹಾಗೆ ಹೇಳಿಸಿಕೊಂಡವಳ ಮದುವೆ ಮುರಿದಿಲ್ಲ.

ಮತ್ತೆ ಮದುವೆಯ ಮಾತಿಗೆ ಬರೋಣ. ಹಿಂದೂ ವಿವಾಹ ಕಾಯ್ದೆಯ 15ನೇ ಕಲಂ ಪ್ರಕಾರ, ಮೇಲ್ಮನವಿಗೆ ಅವಕಾಶವಿಲ್ಲದಿದ್ದರೆ, ಅವಧಿ ಮುಗಿದಿದ್ದರೆ, ಅಥವಾ ಮೇಲ್ಮನವಿ ವಜಾ ಆಗಿದ್ದರೆ, ವಿಚ್ಛೇದಿತರು ಮದುವೆಯಾಗಬಹುದು. ಹಿಂದೆ ಡಿಕ್ರಿಯ ನಂತರ ಒಂದು ವರ್ಷ ಕಾಯಬೇಕಿತ್ತು, 1976ರಲ್ಲಿ ಅದನ್ನು ಕೈಬಿಟ್ಟರು. ಬಿಟ್ಟವರನ್ನೇ ಕಟ್ಟಿಕೊಳ್ಳಬಾರದೆಂದು ಎಲ್ಲೂ ಬರೆದಿಲ್ಲ. ನಡುವೆ ಒಬ್ಬರು ಬೇರೆ ಮದುವೆ ಆಗಿದ್ದರೆ ಮಾತ್ರ ಆ ಮದುವೆ ಮುಗಿಯುವವರೆಗೆ ಇದು ಸಾಧ್ಯವಿಲ್ಲ. ಮನೆಯಲ್ಲೋ ದೇವಸ್ಥಾನದಲ್ಲೋ ನಿಮ್ಮ ಪದ್ಧತಿಯಂತೆ ಶಾಸ್ತ್ರ ಮಾಡಿ, ಉಪನೋಂದಣಾಧಿಕಾರಿ ಕಚೇರಿಯಲ್ಲಿ ನೋಂದಾಯಿಸಿ. ಅರ್ಜಿಯಲ್ಲಿ ವಿಚ್ಛೇದಿತರೆಂದು ಇದ್ದದ್ದು ಇದ್ದಂತೆ ಬರೆದು ಡಿಕ್ರಿಯ ದೃಢೀಕೃತ ನಕಲು ಲಗತ್ತಿಸಿ. ಮೊದಲ ಮದುವೆಯ ಹಳೆಯ ಪ್ರಮಾಣಪತ್ರ ಹಿಡಿದು ಕೆಲಸ ಸಾಗಿಸಲು ಹೋಗಬೇಡಿ.

ಇಲ್ಲಿ ಕಾಲು ಹಿಡಿದೆಳೆಯುವುದು ನಾಚಿಕೆ. ‘ಮಕ್ಕಳು ಎದೆಯುದ್ದ ಬೆಳೆದಿದ್ದಾರೆ, ಈಗ ಮತ್ತೆ ತಾಳಿ ಕಟ್ಟಿಸಿಕೊಂಡರೆ ಜನ ಏನಂದಾರು?’ ಈ ಅಳುಕಿಗೆ ಎಷ್ಟೋ ಜನ ಡಿಕ್ರಿಯನ್ನೂ ರದ್ದು ಮಾಡಿಸದೆ, ಮದುವೆಯೂ ಆಗದೆ ಸುಮ್ಮನೆ ಒಂದೇ ಮನೆಯಲ್ಲಿ ಇದ್ದುಬಿಡುತ್ತಾರೆ. ಊರಿಗೆ ಅವರು ಗಂಡ-ಹೆಂಡತಿ, ಕಡತದಲ್ಲಿ ಅಲ್ಲ. ನಾನು ಈ ಅಂಕಣ ಬರೆಯುತ್ತಿರುವುದೇ ಇವರಿಗಾಗಿ.

ಇದರ ಬಿಸಿ ತಟ್ಟುವುದು ಹೆಂಡತಿಗೆ, ಅದೂ ಗಂಡ ತೀರಿಕೊಂಡ ದಿನದಿಂದ. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯಲ್ಲಿ ಮೊದಲ ದರ್ಜೆಯ ವಾರಸುದಾರಳು ವಿಧವೆ. ವಿಚ್ಛೇದಿತೆ ವಿಧವೆಯಲ್ಲ. ಡಿಕ್ರಿಯ ನಂತರ ಹತ್ತು ವರ್ಷ ಅವನ ಮನೆಯಲ್ಲಿ ಗೇಯ್ದಿದ್ದರೂ ಮೈದುನನೊಬ್ಬ ಡಿಕ್ರಿಯ ನಕಲು ತಂದು ಮುಂದಿಟ್ಟರೆ ಅವಳ ಪಾಲಿಗೆ ಕುತ್ತು. ಕುಟುಂಬ ಪಿಂಚಣಿ, ಅನುಕಂಪದ ನೌಕರಿ, ಎಲ್ಲಕ್ಕೂ ಇದೇ ಗತಿ. ವಿಚ್ಛೇದನದ ನಂತರ ಒಟ್ಟಿಗಿದ್ದಾಗ ಹುಟ್ಟಿದ ಮಗುವಿಗೂ ತೊಡಕಿದೆ. ಮದುವೆ ಮುರಿದ 280 ದಿನದೊಳಗೆ, ತಾಯಿ ಮರುಮದುವೆಯಾಗದೆ ಹುಟ್ಟಿದ ಮಗುವನ್ನು ಸಾಕ್ಷ್ಯ ಕಾನೂನು ಅದೇ ಗಂಡನ ಔರಸ ಸಂತಾನವೆಂದು ಭಾವಿಸುತ್ತದೆ. ಆಮೇಲೆ ಹುಟ್ಟಿದ್ದಕ್ಕೆ ಆ ರಕ್ಷಣೆ ಇಲ್ಲ.

ಮದುವೆಯಾದ ಮೇಲೂ ಹಳೆಯ ಕಡತಗಳು ತಾವಾಗಿ ಮುಚ್ಚುವುದಿಲ್ಲ. ಜೀವನಾಂಶದ ಆದೇಶವಿದ್ದರೆ ಅದನ್ನು ರದ್ದುಪಡಿಸಲು ಆದೇಶ ಕೊಟ್ಟ ನ್ಯಾಯಾಲಯಕ್ಕೇ ಹೇಳಬೇಕು, ಇಲ್ಲದಿದ್ದರೆ ಬಾಕಿ ಬೆಳೆಯುತ್ತಾ ಹೋಗುತ್ತದೆ. ರಾಜಿಯಲ್ಲಿ ಸೈಟು, ಜಮೀನು ಬರೆದುಕೊಟ್ಟಿದ್ದರೆ ಮರುಮದುವೆಯಿಂದ ಅದು ಹಿಂದಿರುಗದು. ಹೆಂಡತಿಯ ಹೆಸರಿನಲ್ಲೇ ಉಳಿಯಲಿ, ಅದರಿಂದ ಯಾರಿಗೂ ನಷ್ಟವಿಲ್ಲ. ಭವಿಷ್ಯ ನಿಧಿಯ ನಾಮನಿರ್ದೇಶನ ಹೊಸದಾಗಿ ಮಾಡಿಸಿ, ಪಡಿತರ ಚೀಟಿ ಬೇರೆಯಾಗಿದ್ದರೆ ಸರಿಪಡಿಸಿಕೊಳ್ಳಿ. ಎಲ್ಲಕ್ಕಿಂತ ತಲೆನೋವಿನದು ವರದಕ್ಷಿಣೆ ಕಿರುಕುಳದ ಪ್ರಕರಣ. ಹಿಂದಿನ ಭಾರತೀಯ ದಂಡ ಸಂಹಿತೆಯ 498ಎ, 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆಯ 85ನೇ ಕಲಂ, ನಮ್ಮಲ್ಲಿ ರಾಜಿಯಾಗುವ ಅಪರಾಧವಲ್ಲ. ಗಂಡ-ಹೆಂಡತಿ ಒಂದಾದರೂ ಕೆಳ ನ್ಯಾಯಾಲಯ ಅದನ್ನು ಕೈಬಿಡಲಾರದು. ಸುಪ್ರೀಂ ಕೋರ್ಟಿನ 2003ರ ಬಿ.ಎಸ್. ಜೋಶಿ ತೀರ್ಪಿನಂತೆ ಹೈಕೋರ್ಟೇ ಅದನ್ನು ರದ್ದುಪಡಿಸಬೇಕು. ದಾವಣಗೆರೆಯವರಿಗೆ ಇದಕ್ಕೂ ಬೆಂಗಳೂರೇ.

ವಕೀಲರ ಖರ್ಚಿಗೆ ಹಿಂಜರಿಯುವವರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಅಥವಾ ಹರಿಹರದ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಬಹುದು. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಂ ಪ್ರಕಾರ ಮಹಿಳೆಯರು, ಪರಿಶಿಷ್ಟ ಜಾತಿ-ಪಂಗಡದವರು ಆದಾಯ ಎಷ್ಟಿದ್ದರೂ ಉಚಿತ ಕಾನೂನು ನೆರವಿಗೆ ಅರ್ಹರು. ಸಹಾಯವಾಣಿ ಸಂಖ್ಯೆ 15100.

ಒಂದು ಮಾತು ಹೇಳದಿದ್ದರೆ ಈ ಬರಹ ಒಂದು ಕಣ್ಣಿನದಾದೀತು. ಒಂದಾದದ್ದೆಲ್ಲ ಒಳ್ಳೆಯದಕ್ಕೇ ಎಂದೇನಿಲ್ಲ. ಹೊಡೆತ ತಿಂದು ಹೊರಬಂದವಳನ್ನು ‘ಮಕ್ಕಳ ಮುಖ ನೋಡು’ ಎಂದು ವಾಪಸ್ ತಳ್ಳುವ ಹಿರಿಯರು, ಹಾರ ಹಾಕಿಸಿ ಲೆಕ್ಕಕ್ಕೊಂದು ರಾಜಿ ಸೇರಿಸಿಕೊಳ್ಳುವ ಆತುರ, ಎರಡೂ ಇವೆ. ಬೇರೆಯಾದಾಗ ಸಿಕ್ಕ ಡಿಕ್ರಿಯೇ ಕೆಲವರಿಗೆ ಬದುಕಿನ ರಕ್ಷೆ. ಮರುಮದುವೆಯ ದಾರಿಯನ್ನು ನಾನು ಮೆಚ್ಚಲು ಇದೂ ಒಂದು ಕಾರಣ. ಡಿಕ್ರಿ ರದ್ದಾದರೆ ಹೆಣ್ಣು ಹಳೆಯ ಮದುವೆಯೊಳಕ್ಕೆ ಹಿಂದಿರುಗುತ್ತಾಳೆ. ಹೊಸ ಮದುವೆಯಲ್ಲಿ ಅವಳನ್ನು ಮತ್ತೆ ಕೇಳಬೇಕಾಗುತ್ತದೆ, ಅವಳು ಮತ್ತೆ ಒಪ್ಪಬೇಕಾಗುತ್ತದೆ. ಕೈಯಲ್ಲಿ ಉಳಿದ ಆಸ್ತಿ, ದುಡಿಮೆ, ಮಕ್ಕಳ ವಿಚಾರ ಎಲ್ಲವನ್ನೂ ಮೊದಲೇ ಮಾತಾಡಿ ಒಪ್ಪಲು ಅವಳಿಗೆ ಎಡೆಯಿರುತ್ತದೆ. ಮೊದಲ ಮದುವೆಯಲ್ಲಿ ಎಷ್ಟು ಜನಕ್ಕೆ ಅಷ್ಟು ಸಿಕ್ಕಿತ್ತು?

ಆದ್ದರಿಂದ ರಾಜಿಯಾದವರು ಕೇಳಿಕೊಳ್ಳಬೇಕಾದ ಮೊದಲ ಪ್ರಶ್ನೆ ಡಿಕ್ರಿ ಯಾವ ಬಗೆಯದು, ಎಂದು ಆಯಿತು ಎಂಬುದು. ಮೇಲ್ಮನವಿಯ ಅವಧಿ ಇದ್ದರೆ ಈ ವಾರವೇ ವಕೀಲರನ್ನು ಕಾಣಿ. ಮುಗಿದಿದ್ದರೆ ಮದುವೆಯಾಗಿ, ನೋಂದಾಯಿಸಿ. ಎರಡನ್ನೂ ಮಾಡದೆ ಒಟ್ಟಿಗೆ ಇರುತ್ತೇವೆಂದರೆ ಯಾರೂ ತಡೆಯುವುದಿಲ್ಲ. ಆದರೆ ಅದರ ಬೆಲೆಯನ್ನು ಮುಂದೊಂದು ದಿನ ತೆರುವವಳು ಹೆಂಡತಿ, ಆಗ ಅವಳ ಪರವಾಗಿ ಸಾಕ್ಷಿ ಹೇಳಲು ಗಂಡ ಇರುವುದಿಲ್ಲ.